ಅಟ್ಟದ ಅರ್ಥ

‘ಅಟ್ಟ ಮೇಲೆ ಒಲೆ ಉರಿಯಿತು, ಕೆಟ್ಟ ಮೇಲೆ ಬುದ್ಧಿ ಬಂತು’ ಎಂಬ ಗಾದೆ ಕನ್ನಡ ಬಲ್ಲವರಿಗೆಲ್ಲ ಪರಿಚಿತವಾದದ್ದು. ಆದರೆ ಇದನ್ನು ಮೊದಲ ಬಾರಿ ಕೇಳುವ ಮಕ್ಕಳಿಗೆ ಒಂದು ಸಂಶಯ ಬಂದೇ ಬರುತ್ತದೆ. ಒಲೆಯಿರುವುದು ನೆಲದ ಮೇಲೆ; ಅದು ಅಟ್ಟಕ್ಕೆ ಹೋಗಿ ಉರಿದದ್ದು ಹೇಗೆ? ಹಾಗೆ ಉರಿದರೆ ಮನೆಗೇ ಬೆಂಕಿ ಹಿಡಿಯದೆ? ಗಾದೆಯ ‘ಅಟ್ಟ’ ಏಣಿ ಹತ್ತಿ ಹೋಗುವ ಅಟ್ಟವಲ್ಲ. ಕೆಡು ಎಂಬುದರಿಂದ ಕೆಟ್ಟ, ಸುಡು ಎಂಬುದರಿಂದ ಸುಟ್ಟ ಆದ ಹಾಗೆ, ಬೇಯಿಸು ಎಂಬ ಅರ್ಥದ ‘ಅಡು’ ಎಂಬುದರಿಂದ ‘ಅಟ್ಟ’. ಅಡುಗೆಯೆಲ್ಲ ಮುಗಿದ ಮೇಲೆ ಒಲೆ ಚೆನ್ನಾಗಿ ಹತ್ತಿಕೊಂಡಿತು, ಏನು ಪ್ರಯೋಜನ ಎಂಬುದು ಗಾದೆಯ ತಾತ್ಪರ್ಯ. ಇಷ್ಟು ಹೇಳಿದರೆ ಮಕ್ಕಳಿಗೆ ಸಮಾಧಾನವಾಗುತ್ತದೆ. ಆದರೆ ನನಗೆ ಮಾತ್ರ ಈ ಎರಡು ಅಟ್ಟಗಳನ್ನು ಬೇರೆಬೇರೆ ಮಾಡಿ ಇಡುವುದು ಅಷ್ಟು ಸುಲಭವೆಂದು ಅನಿಸುವುದಿಲ್ಲ. ವ್ಯಾಕರಣದಲ್ಲಿ ಅವು ಬೇರೆ ನಿಜ. ನಮ್ಮ ಪುತ್ತೂರು, ಸುಳ್ಯ, ಕಡಬದ ಹಳೆಯ ಮನೆಗಳಲ್ಲಿ ಮಾತ್ರ ಅವು ಒಂದೇ ಕೋಣೆಯಲ್ಲಿ ಒಂದರ ನೆತ್ತಿಯ ಮೇಲೆ ಇನ್ನೊಂದು ಕುಳಿತು ಬಾಳಿದವು. ಕೆಳಗೆ ಅಟ್ಟ ಬೆಂಕಿಯೇ ಮೇಲಿನ ಅಟ್ಟದಲ್ಲಿದ್ದುದನ್ನು ಒಣಗಿಸಿತು.

ಹವ್ಯಕ ಕನ್ನಡದಲ್ಲಿ ಅಡುಗೆಮನೆಗೆ ‘ಅಟ್ಟುಂಬೊಳ’ ಎಂಬ ಚಂದದ ಹೆಸರೊಂದಿದೆ. ಅಟ್ಟು ಉಂಬ ಒಳ ಎಂದು ಬಿಡಿಸಿದರೆ ಅರ್ಥ ತಾನೇ ಆಗುತ್ತದೆ. ಬೇಯಿಸಿ ಉಣ್ಣುವ ಜಾಗ. ಆ ಅಟ್ಟುಂಬೊಳದ ಮೇಲೆ ಅಟ್ಟ. ತುಳುವಿನಲ್ಲಿಯೂ ಅದು ಅಟ್ಟವೇ. ಗಡಿ ದಾಟಿ ಕಾಸರಗೋಡು, ಕಣ್ಣೂರಿನ ಕಡೆಗೆ ಹೋದರೆ ಮಲೆಯಾಳದಲ್ಲಿ ‘ಅಟ್ಟಂ’. ಮನೆಯೊಳಗೆ ಒಂದು ಭಾಷೆ, ಅಂಗಳದಲ್ಲಿ ಒಂದು, ಪೇಟೆಯಲ್ಲಿ ಮತ್ತೊಂದು ಆಡುವ ನಮ್ಮ ಊರುಗಳಲ್ಲಿ ಎಲ್ಲರಿಗೂ ಒಂದೇ ಆಗಿ ಒದಗುವ ಶಬ್ದಗಳು ಬೆರಳೆಣಿಕೆಯವು. ಅವುಗಳಲ್ಲಿ ಅಟ್ಟವೂ ಒಂದು.

ಈ ಶಬ್ದಕ್ಕೆ ದೊಡ್ಡ ಮನೆತನದ ನಂಟೂ ಇದೆ. ಸಂಸ್ಕೃತದಲ್ಲಿ ಅಟ್ಟ ಎಂದರೆ ಎತ್ತರದ ಕಟ್ಟಡ, ಕಾವಲುಗೋಪುರ. ಕೌಟಿಲ್ಯನ ಅರ್ಥಶಾಸ್ತ್ರದಲ್ಲಿ ಕೋಟೆಯ ಗೋಡೆಯ ಮೇಲೆ ಕಟ್ಟಬೇಕಾದ ಗೋಪುರಗಳಿಗೆ ‘ಅಟ್ಟಾಲಕ’ ಎಂಬ ಹೆಸರಿದೆ. ಖಳನಾಯಕರು ನಗುವ ಅಟ್ಟಹಾಸದಲ್ಲಿರುವುದೂ ಎತ್ತರ, ಜೋರು ಎಂಬ ಅರ್ಥದ ಈ ಅಟ್ಟವೇ. ಕನ್ನಡದಲ್ಲಿ ಹೊಲ ಕಾಯಲು ಕಟ್ಟುವ ಅಟ್ಟಣಿಗೆ ಇದರ ಬಳಗದ್ದು. ಒಬ್ಬರನ್ನು ಬೇಕಾದುದಕ್ಕಿಂತ ಹೆಚ್ಚು ಹೊಗಳಿದರೆ ‘ಅಟ್ಟಕ್ಕೇರಿಸಿದರು’ ಎನ್ನುತ್ತೇವೆ. ನಂಬಿಸಿ ಕೈಬಿಟ್ಟರೆ ‘ಅಟ್ಟಕ್ಕೇರಿಸಿ ಏಣಿ ತೆಗೆದರು’ ಎನ್ನುತ್ತೇವೆ. ಈ ಎಲ್ಲ ಮಾತುಗಳಲ್ಲೂ ಇರುವುದು ಎತ್ತರವೊಂದೇ. ನಮ್ಮ ಶಾಲೆಯ ಕಪಾಟಿನಲ್ಲಿರುವ ಚಿಕ್ಕ ನಿಘಂಟು ಕೂಡ ಮೇಲಂತಸ್ತು, ಮಾಳಿಗೆ, ಗೋಪುರ ಎಂದು ಹೇಳಿ ಸುಮ್ಮನಾಗುತ್ತದೆ. ಅಟ್ಟವೆಂದರೆ ಒಣಗಿಸುವ ಸಾಧನ ಎಂಬ ಅರ್ಥ ಅದರಲ್ಲಿಲ್ಲ. ಕೋಟೆಯ ಕಾವಲುಗಾರನ ಅಟ್ಟ ಪುಸ್ತಕಕ್ಕೆ ಬಂತು, ಒಲೆಯ ಮೇಲಿನ ಅಟ್ಟ ಬರಲಿಲ್ಲ.

ಕನ್ನಡ ನಾಡಿನ ಬೇರೆ ಕಡೆ ಈ ಅರ್ಥ ಬಯಲಿನಲ್ಲಿಯೇ ಕಾಣಸಿಗುತ್ತದೆ. ಶಿರಸಿ, ಸಾಗರದ ಕಡೆ ಸುಲಿದು ಬೇಯಿಸಿದ ಅಡಿಕೆಯನ್ನು ಹರಡಲು ಕಂಬ ನೆಟ್ಟು, ಗಳ ಹಾಸಿ, ತಟ್ಟಿ ಹೊದಿಸಿ ಎತ್ತರಿಸಿದ ಚಪ್ಪರಕ್ಕೆ ಅಡಿಕೆ ಅಟ್ಟವೆಂದೇ ಹೆಸರು. ತಿಪಟೂರಿನ ಕಡೆ ತೆಂಗಿನಕಾಯಿಯನ್ನು ಸುಲಿಯದೆ ಅಟ್ಟಕ್ಕೆ ಏರಿಸಿ ಎಂಟು ಹತ್ತು ತಿಂಗಳು ಬಿಡುತ್ತಾರೆ. ಒಳಗಿನ ನೀರು ಇಂಗಿ, ಕಾಯಿ ಚಿಪ್ಪಿನಿಂದ ಬಿಟ್ಟುಕೊಂಡು ಉಂಡೆ ಕೊಬ್ಬರಿಯಾಗುತ್ತದೆ. ನಮ್ಮಲ್ಲಿ ಹಾಗಲ್ಲ. ನಮ್ಮ ಅಡಿಕೆ ಚಾಲಿ ಅಡಿಕೆ. ಹಣ್ಣಾದುದನ್ನು ಸಿಪ್ಪೆ ಸಮೇತ ಅಂಗಳದಲ್ಲಿ ಹರಡಿ, ದಿನವೂ ಮಗುಚಿ, 40-45 ದಿನ ಬಿಸಿಲು ಕಾಣಿಸಿ ಆಮೇಲೆ ಸುಲಿಯುವುದು ಕ್ರಮ. ಆದ್ದರಿಂದ ನಮ್ಮ ಕಡೆ ಒಣಗಿಸುವುದು ಎಂದ ಕೂಡಲೇ ಎಲ್ಲರ ಕಣ್ಣಿಗೆ ಬರುವುದು ಸೆಗಣಿ ಸಾರಿಸಿದ ಅಂಗಳ. ಅಟ್ಟ ಮನೆಯೊಳಗೆ ಕತ್ತಲಲ್ಲಿ ಇದ್ದುದರಿಂದ ಅದನ್ನು ನೋಡಿದವರೂ ಕಡಮೆ, ಬರೆದವರೂ ಕಡಮೆ.

ಆದರೆ ಅಂಗಳಕ್ಕೆ ಬಿಸಿಲಿರುವುದು ವರ್ಷದಲ್ಲಿ ಅರ್ಧ ಭಾಗ ಮಾತ್ರ. ಘಟ್ಟದ ಬುಡದ ಈ ಊರುಗಳಲ್ಲಿ ವರ್ಷಕ್ಕೆ 4000 ಮಿಲಿಮೀಟರಿನ ಆಸುಪಾಸು ಮಳೆ ಸುರಿಯುತ್ತದೆ; ಅದರಲ್ಲಿ ಬಹುಪಾಲು ಜೂನ್‌ನಿಂದ ಸೆಪ್ಟೆಂಬರಿನೊಳಗೆ. ಆ ನಾಲ್ಕು ತಿಂಗಳು ಬಟ್ಟೆಯೇ ಒಣಗದು, ಇನ್ನು ಅಡಿಕೆಯೆಲ್ಲಿ? ಕೊಳೆರೋಗ ಹಿಡಿದು ಆಟಿಯ ಮಳೆಗೆ ಉದುರುವ ಎಳೆಯ ಕಾಯಿಗಳಿಗೆ ಬಿಸಿಲು ಬರುವವರೆಗೆ ಕಾಯುವ ತಾಳ್ಮೆ ಇರುವುದಿಲ್ಲ, ಎರಡೇ ದಿನಕ್ಕೆ ಬೂಸಲು ಕಟ್ಟುತ್ತವೆ. ಅವುಗಳಿಗೆ ಅಟ್ಟವೇ ಗತಿ. ಅಡುಗೆ ಒಲೆಯ ಮೇಲೆ, ಇಲ್ಲವೆ ಬಚ್ಚಲಿನ ಬಿಸಿನೀರ ಒಲೆಯ ಮೇಲೆ, ಆಳೆತ್ತರಕ್ಕಿಂತ ತುಸು ಮೇಲೆ ಬಿದಿರನ್ನೋ ಸೀಳಿದ ಅಡಿಕೆ ಮರವನ್ನೋ ಬೆರಳು ತೂರುವಷ್ಟು ಸಂದಿ ಬಿಟ್ಟು ಹಾಸಿರುತ್ತಿದ್ದರು. ಬಿಸಿಗಾಳಿ ಮೇಲೇರುವುದು ಅದರ ಸ್ವಭಾವ. ಸಂದಿಯಲ್ಲಿ ನುಸುಳಿ, ಕಾಯಿಗಳ ತೇವವನ್ನು ಹೊತ್ತು, ಹಂಚಿನ ಎಡೆಯಿಂದ ಹೊರಗೆ ಹೋಗುತ್ತಿತ್ತು. ಹೊಗೆ ಹುಳ ಹತ್ತದ ಹಾಗೆ, ಬೂಸಲು ಬಾರದ ಹಾಗೆ ಕಾಯುತ್ತಿತ್ತು. ದಿನಕ್ಕೆ ಮೂರು ಹೊತ್ತು ಅಡುಗೆ, ಎರಡು ಹೊತ್ತು ಬಿಸಿನೀರು; ಹದವಾದ ಕಾವು ಮುರಿಯದೆ ಸಿಗುತ್ತಿತ್ತು. ಒಣಗಿಸುವುದಕ್ಕೆಂದು ಬೇರೆ ಸೌದೆಯಿಲ್ಲ. ಅನ್ನಕ್ಕೆಂದು ಹಾಕಿದ ಬೆಂಕಿಯಲ್ಲಿಯೇ ಎರಡನೆಯ ಕೆಲಸವೂ ನಡೆಯುತ್ತಿತ್ತು.

ಅಟ್ಟಕ್ಕೆ ಏರುತ್ತಿದ್ದುದು ಅಡಿಕೆ ಒಂದೇ ಅಲ್ಲ. ಬೇಸಗೆಯಲ್ಲಿ ಬಿಸಿಲಿಗೆ ಒಣಗಿದ ಹಪ್ಪಳ, ಮಾವಿನ ಮಾಂಬಳ, ಹಲಸಿನ ಬೀಜದ ಸಾಂತಾಣಿ, ಪುನರ್ಪುಳಿಯ ಸಿಪ್ಪೆ, ಹುಣಸೆ, ಬಾಳಕದ ಮೆಣಸು ಇವೆಲ್ಲ ಮಳೆಗಾಲಕ್ಕೆ ಮೆತ್ತಗಾಗದಂತೆ ಅಲ್ಲಿಗೆ ಹೋಗುತ್ತಿದ್ದವು. ಮುಂದಿನ ವರ್ಷದ ಬಿತ್ತನೆಗೆ ಇಟ್ಟ ಹೀರೆ, ಹಾಗಲ, ಪಡುವಲದ ಬೀಜಗಳು ಬೂದಿಯಲ್ಲಿ ಹೊರಳಿ, ಗಂಟುಕಟ್ಟಿಸಿಕೊಂಡು ಅಟ್ಟದ ಅಡಿಯಲ್ಲಿ ತೂಗಾಡುತ್ತಿದ್ದವು. ಹೊಸ ಬುಟ್ಟಿಯನ್ನೂ ನಾಲ್ಕು ದಿನ ಹೊಗೆ ಹಾಯಿಸಿಯೇ ಬಳಕೆಗೆ ತರುತ್ತಿದ್ದುದು. ಹಾಗೆ ಮಾಡಿದರೆ ಬಿದಿರಿಗೆ ಹುಳ ಬೀಳದು. ಎಲ್ಲರ ಮನೆಯಲ್ಲೂ ದೊಡ್ಡ ಅಟ್ಟವಿತ್ತೆಂದಲ್ಲ. ತೋಟವಿದ್ದವರ ಅಟ್ಟದಲ್ಲಿ ಮನುಷ್ಯರು ಓಡಾಡಬಹುದಿತ್ತು. ಒಕ್ಕಲಿನವರ ಮುಳಿಹುಲ್ಲಿನ ಮನೆಯಲ್ಲಿ ಒಲೆಯ ಮೇಲೆ ತೂಗುಹಾಕಿದ ಬಿದಿರ ತಟ್ಟಿಯೇ ಅಟ್ಟ; ಅದರ ಮೇಲೆ ಒಣಮೀನು, ಉಪ್ಪು, ಒಂದಿಷ್ಟು ಬೀಜ. ಗಾತ್ರ ಬೇರೆಯಾದರೂ ತತ್ತ್ವ ಒಂದೇ, ಅದನ್ನು ನೋಡಿಕೊಳ್ಳುತ್ತಿದ್ದ ಕೈಯೂ ಒಂದೇ ಬಗೆಯದು. ಹೆಂಗಸಿನ ಕೈ.

ಇಂಥ ಉಪಾಯ ನಮಗೆ ಮಾತ್ರ ಹೊಳೆದದ್ದೆಂದು ಬೀಗಬೇಕಾಗಿಲ್ಲ. ಜಪಾನಿನ ಹಳೆಯ ಹಳ್ಳಿಮನೆಗಳಲ್ಲಿ ನೆಲದ ನಡುವಿನ ಅಗ್ಗಿಷ್ಟಿಕೆಯ ಮೇಲೆ ಮರದ ಜಾಲರಿಯೊಂದನ್ನು ತೂಗುಹಾಕುತ್ತಾರೆ. ಅದಕ್ಕೆ ‘ಹಿದಾನಾ’ ಎಂದು ಹೆಸರು. ಮೀನನ್ನೂ ಹಿಮದಲ್ಲಿ ನೆನೆದ ಪಾದರಕ್ಷೆಯನ್ನೂ ಅದರಲ್ಲಿ ಒಣಗಿಸುತ್ತಾರೆ. 1995ರಲ್ಲಿ ಯುನೆಸ್ಕೋದ ವಿಶ್ವ ಪರಂಪರೆಯ ಪಟ್ಟಿಗೆ ಸೇರಿದ ಶಿರಾಕಾವಾ-ಗೋ ಎಂಬ ಹಳ್ಳಿಯ ಮನೆಗಳಲ್ಲಿ ಇದನ್ನು ಪ್ರವಾಸಿಗಳು ಕಾಸು ಕೊಟ್ಟು ನೋಡುತ್ತಾರಂತೆ. ನಮ್ಮ ಅಟ್ಟಕ್ಕೆ ಅಂಥ ಯೋಗ ಬರಲಿಲ್ಲ.

ಒಣಗಿಸುವ ಕೆಲಸಕ್ಕೂ ಊರಿನ ಚರಿತ್ರೆಗೂ ಸಂಬಂಧ ಇಲ್ಲವೆಂದು ತೋರಬಹುದು. ನನಗೆ ಹಾಗನಿಸುವುದಿಲ್ಲ. 1834ರಲ್ಲಿ ಕೊಡಗಿನ ಅರಸನನ್ನು ಇಳಿಸಿದ ಕಂಪೆನಿ ಸರಕಾರ, ಕೊಡಗಿಗೆ ಸೇರಿದ್ದ ಅಮರಸುಳ್ಯ, ಪುತ್ತೂರು ಸೀಮೆಗಳನ್ನು ಕೆನರಾ ಜಿಲ್ಲೆಗೆ ಸೇರಿಸಿತು. ಅರಸರ ಕಾಲದಲ್ಲಿ ಬೆಳೆದ ಪದಾರ್ಥದಲ್ಲಿಯೇ ಕಂದಾಯ ಸಲ್ಲಿಸುತ್ತಿದ್ದ ರೈತರು ಇನ್ನು ನಗದು ಕೊಡಬೇಕಾಯಿತು. ಮೂರೇ ವರ್ಷಗಳಲ್ಲಿ, 1837ರಲ್ಲಿ, ಸುಳ್ಯದಿಂದ ಹೊರಟ ದಂಡು ಮಂಗಳೂರಿನವರೆಗೆ ನಡೆದುಹೋಯಿತು. ಆ ದಂಗೆಗೆ ಇದ್ದ ಕಾರಣಗಳಲ್ಲಿ ಈ ನಗದು ಕಂದಾಯವೂ ಒಂದೆಂದು ಚರಿತ್ರೆ ಬರೆದವರು ಹೇಳುತ್ತಾರೆ. ದಂಡು ಹೊರಟ ಕಥೆಯನ್ನು ನಾವು ಮಕ್ಕಳಿಗೆ ಹೇಳುತ್ತೇವೆ. ಅದರ ಹಿಂದಿನ ಸಣ್ಣ ಲೆಕ್ಕವನ್ನು ಹೇಳುವುದಿಲ್ಲ. ನಗದು ಬೇಕಾದರೆ ಮಾರಬೇಕು. ಮಾರಬೇಕಾದರೆ ಪದಾರ್ಥ ಒಣಗಿರಬೇಕು. ಹಸಿ ಅಡಿಕೆ, ಹಸಿ ಮೆಣಸು ಗಾಡಿ ಏರಿ ಮಂಗಳೂರಿನ ಬಂದರಿಗೆ ಮುಟ್ಟುವುದರೊಳಗೆ ಕೊಳೆಯುತ್ತದೆ. ಹೀಗೆ ಸರಕಾರದ ಬೊಕ್ಕಸಕ್ಕೂ ಮನೆಯ ಅಂಗಳ, ಅಟ್ಟಗಳಿಗೂ ನೇರವಾದ ದಾರಿಯೊಂದು ಬಿತ್ತು.

ಮನೆಯ ಮಾಡೂ ಅದೇ ಶತಮಾನದಲ್ಲಿ ಬದಲಾಗತೊಡಗಿತು. ಬಾಸೆಲ್ ಮಿಶನಿನವರು 1865ರಲ್ಲಿ ಮಂಗಳೂರಿನ ಜೆಪ್ಪುವಿನಲ್ಲಿ ಹಂಚಿನ ಕಾರ್ಖಾನೆ ತೆರೆದರು. ನಿಧಾನವಾಗಿ ಉಳ್ಳವರ ಮನೆಗಳ ಮುಳಿಹುಲ್ಲು ಹೋಗಿ ಹಂಚು ಬಂತು. ಹುಲ್ಲಿನ ಮಾಡಿನ ಕೆಳಗೆ ಕಿಡಿಯ ಭಯ ಸದಾ ಇರುತ್ತಿತ್ತು, ಹಂಚಿನ ಕೆಳಗೆ ಆ ಭಯ ಕಡಮೆ. ಹೊಗೆ ಹೋಗಲು ಎಡೆಯೂ ಇತ್ತು. ಅಟ್ಟದ ಒಳ್ಳೆಯ ಕಾಲವೆಂದರೆ ಹಂಚಿನ ಮನೆಗಳ ಕಾಲವೇ ಇರಬೇಕು.

ಇಪ್ಪತ್ತನೆಯ ಶತಮಾನದಲ್ಲಿ ಒಣಗಿಸುವಿಕೆಗೆ ಬೆಲೆಪಟ್ಟಿ ಬಂತು. ವಿಟ್ಲದಲ್ಲಿ 1956ರಲ್ಲಿ ಅಡಿಕೆ ಸಂಶೋಧನ ಕೇಂದ್ರ ಆರಂಭವಾಯಿತು. ಅಡಿಕೆಗೆ ಧಾರಣೆ ಕುಸಿದು ಬೆಳೆಗಾರರು ಕಂಗೆಟ್ಟಿದ್ದ ಹೊತ್ತಿನಲ್ಲಿ, 1973ರಲ್ಲಿ, ವಾರಣಾಸಿ ಸುಬ್ರಾಯ ಭಟ್ಟರ ಮುಂದಾಳುತನದಲ್ಲಿ ಕ್ಯಾಂಪ್ಕೊ ಹುಟ್ಟಿತು. ಚೀಲ ಬಿಚ್ಚಿ ಸುರಿದು, ಒಳ್ಳೆಯದು ಬೇರೆ, ಪಟೋರ ಬೇರೆ, ಉಳ್ಳಿಗಡ್ಡೆ ಬೇರೆ, ಕರಿಗೋಟು ಬೇರೆ, ಕೋಕ ಬೇರೆ ಎಂದು ವಿಂಗಡಿಸುವಾಗ ಅಲ್ಲಿ ಪರೀಕ್ಷೆಗೆ ಒಳಗಾಗುವುದು ತೋಟ ಮಾತ್ರವಲ್ಲ. ಸರಿಯಾಗಿ ಮಗುಚಿದ್ದಾರೆಯೇ, ಮಳೆ ಹನಿ ತಾಗದ ಹಾಗೆ ರಾಶಿ ಮಾಡಿದ್ದಾರೆಯೇ, ಅರೆ ಒಣಗಿದ್ದನ್ನು ಚೀಲಕ್ಕೆ ತುಂಬಿದ್ದಾರೆಯೇ ಎಂಬುದೆಲ್ಲ ಆ ಸುಲಿದ ಅಡಿಕೆಯಲ್ಲಿ ಕಾಣುತ್ತದೆ. ಅಟ್ಟದ ಅಡಿಕೆಗೆ ಹೊಗೆಯ ಬಣ್ಣ ಹತ್ತಿರುವುದರಿಂದ ಅದಕ್ಕೆ ಬೆಳ್ಳಗಿನ ಚಾಲಿಯ ಧಾರಣೆ ಇಲ್ಲ. ಆದರೆ ಅದು ಕೊಳೆತು ಗೊಬ್ಬರದ ಗುಂಡಿಗೆ ಹೋಗಬೇಕಾಗಿದ್ದ ಅಡಿಕೆ ಎಂಬುದನ್ನು ನೆನಪಿಡಬೇಕು. ಅಟ್ಟ ದುಡಿದದ್ದು ಅಷ್ಟೂ ಉಳಿತಾಯವೇ.

ನಮ್ಮ ಮನೆಯ ಹಳೆಯ ಲೆಕ್ಕಪುಸ್ತಕಗಳು ಕೆಲವು ಉಳಿದಿವೆ. ನನ್ನ ಮಾವನವರು ದುಂಡಗಿನ ಅಕ್ಷರದಲ್ಲಿ ಬರೆದವು. ಕೊಯ್ಲಿನವರ ಕೂಲಿ, ಸುಲಿದವರ ಕೂಲಿ, ಗೋಣಿಚೀಲ, ಗಾಡಿ ಬಾಡಿಗೆ, ಅಂಗಳ ಸಾರಿಸಿದ ಹೆಂಗಸಿಗೆ ಕೊಟ್ಟ ಅಕ್ಕಿ, ಎಲ್ಲವೂ ಇದೆ. ಅಟ್ಟಕ್ಕೆ ಸಂಬಂಧಿಸಿ ನನಗೆ ಸಿಕ್ಕಿದ ಖರ್ಚು ಒಂದೇ: ಏಣಿ. ಏಣಿಯ ಬೆಲೆ ಲೆಕ್ಕಕ್ಕೆ ಬಂತು, ಏಣಿ ಹತ್ತಿದವರದು ಬರಲಿಲ್ಲ. ಹತ್ತುತ್ತಿದ್ದವರು ನನ್ನ ಅತ್ತೆ. ಮಧ್ಯಾಹ್ನದ ಊಟ ಮುಗಿದು ಒಲೆ ಆರಿದ ಹೊತ್ತಿನಲ್ಲಿ ಸೆರಗನ್ನು ಮೂಗಿಗೆ ಕಟ್ಟಿಕೊಂಡು ಮೇಲೆ ಹೋಗಿ ಅಡಿಕೆ ಮಗುಚಿ ಬರುತ್ತಿದ್ದರು. ಒಂದು ಕಾಯಿಯನ್ನು ಕಿವಿಯ ಹತ್ತಿರ ಹಿಡಿದು ಅಲ್ಲಾಡಿಸುತ್ತಿದ್ದರು. ಸಿಪ್ಪೆಯೊಳಗೆ ಗಲಗಲ ಎಂದರೆ ಇಳಿಸಬಹುದು, ಇಲ್ಲವಾದರೆ ಇನ್ನೂ ನಾಲ್ಕು ದಿನ. ಅವರನ್ನು ಯಾರಾದರೂ ಏನು ಕೆಲಸ ಮಾಡುತ್ತೀರಿ ಎಂದು ಕೇಳಿದ್ದರೆ ‘ನಾನೆಂಥ ಕೆಲಸ ಮಾಡುವುದು, ಮನೆಯಲ್ಲೇ ಇದ್ದೇನೆ’ ಎಂದು ಹೇಳುತ್ತಿದ್ದರು.

ಈ ಉತ್ತರ ಅವರೊಬ್ಬರದಲ್ಲ. ಜನಗಣತಿಗೆ ಮನೆಮನೆ ಸುತ್ತುವ ಭಾಗ್ಯ ನಮ್ಮ ಶಿಕ್ಷಕ ವರ್ಗದ್ದು. 2011ರ ಜನಗಣತಿಯ ನಿಯಮದಲ್ಲಿ, ಮನೆಯ ತೋಟದಲ್ಲಿ, ಮನೆತನದ ಉದ್ಯೋಗದಲ್ಲಿ ಸಂಬಳವಿಲ್ಲದೆ ದುಡಿದರೂ ಅದು ‘ಕೆಲಸ’ವೇ. ಮಾರುವ ಅಡಿಕೆಯನ್ನು ಒಣಗಿಸುವ ಹೆಂಗಸು ಆ ಪ್ರಕಾರ ದುಡಿಯುವವರ ಸಾಲಿಗೆ ಸೇರಬೇಕು. ಆದರೆ ಜಗಲಿಯಲ್ಲಿ ಕುಳಿತು ಕೇಳಿದರೆ ಉತ್ತರ ಕೊಡುವವರು ಗಂಡಸರು. ‘ಅವಳು ಮನೆಯಲ್ಲೇ’ ಎನ್ನುತ್ತಾರೆ. ಒಳಗಿನಿಂದ ಹೆಂಗಸರೂ ಹೌದೆನ್ನುತ್ತಾರೆ. ಬರೆಯುವವರು ‘ಗೃಹಕೃತ್ಯ’ ಎಂಬ ಸಂಕೇತ ಹಾಕಿ ಮುಂದಿನ ಮನೆಗೆ ನಡೆಯುತ್ತಾರೆ. ಅಂಗಳದ ಅಡಿಕೆ ಹೇಗೋ ಕಣ್ಣಿಗೆ ಬೀಳುತ್ತದೆ, ಅಟ್ಟದ್ದು ಬೀಳುವುದಿಲ್ಲ. ನಿಘಂಟಿನಲ್ಲಿ ಒಂದು ಅರ್ಥ ಬಿಟ್ಟುಹೋದರೆ ನಷ್ಟವೇನು ಎಂದು ಕೇಳುವವರಿಗೆ ನಾನು ಹೇಳುವುದು ಇದನ್ನೇ. ಹೆಸರಿಲ್ಲದ ಸಾಧನವನ್ನು ನಡೆಸುವವರಿಗೆ ಉದ್ಯೋಗವೂ ಇರುವುದಿಲ್ಲ.

ಹೊಗೆಗೆ ಹೆಸರು, ಲೆಕ್ಕ ಎರಡೂ ಸಿಕ್ಕಿದ ಉದಾಹರಣೆಯೂ ನಮ್ಮಲ್ಲೇ ಇದೆ. 1964ರ ಭಾರತ-ಸಿಲೋನ್ ಒಪ್ಪಂದದ ಬಳಿಕ ಅಲ್ಲಿಂದ ಬಂದ ತಮಿಳು ಕುಟುಂಬಗಳಿಗೆ ಕೆಲಸ ಕೊಡುವುದಕ್ಕೆಂದು ಸುಳ್ಯ, ಪುತ್ತೂರಿನ ಭಾಗಗಳಲ್ಲಿ ಸರಕಾರದ ರಬ್ಬರ್ ತೋಟಗಳು ಎದ್ದವು. ಕಡಬ, ನೆಲ್ಯಾಡಿಯ ಕಡೆ ಕೇರಳದಿಂದ ಬಂದ ಕ್ರೈಸ್ತ ಕೃಷಿಕರು ರಬ್ಬರ್ ಹಾಕಿದರು. ಹಾಲನ್ನು ಹೆಪ್ಪುಗಟ್ಟಿಸಿ, ಒತ್ತಿ ತೆಗೆದ ಹಾಳೆಯನ್ನು ನಾಲ್ಕೈದು ದಿನ ಹೊಗೆಯಲ್ಲಿ ಒಣಗಿಸಬೇಕು. ಅದಕ್ಕೆಂದೇ ಕಟ್ಟಿದ ಹೊಗೆಮನೆಗೆ ಮಲೆಯಾಳದಲ್ಲಿ ‘ಪುಗಪ್ಪುರ’. ನಮ್ಮಲ್ಲಿ ಇಂಗ್ಲಿಷಿನ ‘ಸ್ಮೋಕ್ ಹೌಸ್’ ಎಂಬುದೂ ಬಳಕೆಗೆ ಬಂತು. ಪೇಟೆ ಧಾರಣೆಯಲ್ಲಿ ಕಾಣುವ ‘ಆರ್.ಎಸ್.ಎಸ್. 4’ ಎಂಬುದರ ನಡುವಿನ ಎಸ್ ಎಂದರೆ ಹೊಗೆ ಹಾಕಿದ್ದು ಎಂದೇ ಅರ್ಥ. ಹೊಗೆಮನೆ ಕಟ್ಟಿದ ಖರ್ಚು, ಸೌದೆಯ ಖರ್ಚು, ಬೆಂಕಿ ನೋಡುವವನ ಸಂಬಳ ಎಲ್ಲವೂ ಪುಸ್ತಕಕ್ಕೆ ಬರುತ್ತದೆ. ಕೆಲಸದ ತತ್ತ್ವ ಅಟ್ಟದ್ದೇ. ಒಂದು ವ್ಯತ್ಯಾಸವೆಂದರೆ ಇಲ್ಲಿ ಬೆಂಕಿಯ ಮೇಲೆ ಅನ್ನದ ಪಾತ್ರೆ ಇಲ್ಲ.

ಇಷ್ಟು ಹೇಳಿದ ಮಾತ್ರಕ್ಕೆ ಅಟ್ಟ ಮತ್ತೆ ಬರಲಿ ಎಂದು ಹಾರೈಸುವವಳು ನಾನಲ್ಲ. ಅಡಿಕೆಗೆ ಒಳಿತಾದ ಹೊಗೆ ಹೆಂಗಸಿನ ಕಣ್ಣಿಗೂ ಪುಪ್ಪುಸಕ್ಕೂ ಒಳಿತಲ್ಲ. ಮನೆಯೊಳಗಿನ ಹೊಗೆಯಿಂದ 2020ರಲ್ಲಿ ಜಗತ್ತಿನಲ್ಲಿ ಸುಮಾರು 32 ಲಕ್ಷ ಜನ ಸತ್ತರೆಂದು ವಿಶ್ವ ಆರೋಗ್ಯ ಸಂಸ್ಥೆಯ ಅಂದಾಜು. ಅಟ್ಟದ ಕೆಳಗೆ ಆಯುಷ್ಯ ಕಳೆದ ನಮ್ಮ ಅಜ್ಜಿಯಂದಿರ ಕೆಮ್ಮು ಕೇಳಿದವರಿಗೆ ಈ ಲೆಕ್ಕವೂ ಬೇಕಾಗಿಲ್ಲ. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯವರು ರೂಪಿಸಿದ ಅಸ್ತ್ರ ಒಲೆ 1980ರ ದಶಕದಲ್ಲಿ ಹಳ್ಳಿಗಳಿಗೆ ಬಂದಾಗ ಹೊಗೆ ಕೊಳವೆಯಲ್ಲಿ ಹೊರಗೆ ಹೋಯಿತು. ಅಟ್ಟಕ್ಕೆ ಸಿಗುತ್ತಿದ್ದ ಕಾವೂ ಅದರ ಜತೆಗೇ ಹೋಯಿತು. ಅದೇ ದಶಕದಲ್ಲಿ ಹಟ್ಟಿಯಲ್ಲಿ ದನವಿದ್ದವರು ಗೋಬರ್ ಗ್ಯಾಸ್ ಹಾಕಿಸಿದರು. ಸಿಲಿಂಡರು ಮೊದಲು ಪೇಟೆಗೆ, ಆಮೇಲೆ ಹಳ್ಳಿಗೆ ಬಂತು. 2016ರ ಉಜ್ವಲಾ ಯೋಜನೆಯಿಂದ ಬಡವರ ಮನೆಗೂ ತಲಪಿತು. ತಾರಸಿ ಮನೆಗಳು ಎದ್ದು, ತಾರಸಿಯೇ ಎರಡನೆಯ ಅಂಗಳವಾಯಿತು. ಬೆಂಕಿ ಇಲ್ಲದ ಅಟ್ಟ ಬರಿಯ ಎತ್ತರವಾಗಿ ಉಳಿಯಿತು. ಈಗ ‘ಅಟ್ಟಕ್ಕೆ ಹಾಕು’ ಎಂದರೆ ಬೇಡವಾದದ್ದನ್ನು ಕಣ್ಣಿಗೆ ಕಾಣದ ಹಾಗೆ ಇಡು ಎಂದರ್ಥ. ಹಿಂದೆ ಕೆಡಬಾರದೆಂಬ ಪದಾರ್ಥ ಮಾತ್ರ ಏರುತ್ತಿದ್ದ ಜಾಗಕ್ಕೆ ಈಗ ಕೆಟ್ಟ ಮಿಕ್ಸಿಯೂ ಹಳೆಯ ಸೂಟ್‌ಕೇಸೂ ಏರುತ್ತವೆ.

ಒಣಗಿಸುವ ಅರ್ಥ ಅಟ್ಟವನ್ನು ಬಿಟ್ಟು ಎಲ್ಲಿಗೆ ಹೋಯಿತು? ‘ಡ್ರೈಯರ್’ ಎಂಬ ಶಬ್ದಕ್ಕೆ ಹೋಯಿತು. ಪೇಟೆಯ ಹುಡುಗಿಗೆ ಡ್ರೈಯರ್ ಎಂದರೆ ಕೂದಲಿನದು, ಅವಳಮ್ಮನಿಗೆ ಬಟ್ಟೆ ಒಗೆಯುವ ಯಂತ್ರದ್ದು, ತೋಟದ ಮನೆಯವರಿಗೆ ಅಡಿಕೆಯದು. ಅಂಗಳದಲ್ಲಿ ಪೈಪು ಬಗ್ಗಿಸಿ ಪ್ಲಾಸ್ಟಿಕ್ ಹಾಳೆ ಹೊದಿಸಿದ ಗೂಡನ್ನು ‘ಸೋಲಾರ್’ ಎಂದು ಕರೆಯುವವರುಂಟು. ಸೌದೆಯದ್ದಿದೆ, ವಿದ್ಯುತ್ತಿನದ್ದಿದೆ. ಪುತ್ತೂರಿನಿಂದ 1988ರಲ್ಲಿ ಆರಂಭವಾದ ‘ಅಡಿಕೆ ಪತ್ರಿಕೆ’ಯಂಥ ಕೃಷಿ ಪತ್ರಿಕೆಗಳು ಹಲಸನ್ನು ಒಣಗಿಸಿ ಮಾರುವವರನ್ನು, ಹಪ್ಪಳ ಮಾಡುವ ಹೆಂಗಸರನ್ನು ಹೆಸರು ಹೇಳಿ ಪರಿಚಯಿಸಿದ್ದು ಒಳ್ಳೆಯ ಬದಲಾವಣೆಗಳಲ್ಲಿ ಒಂದು. ಹೊಸ ಶಬ್ದವನ್ನು ನಾನು ದೂರುವುದಿಲ್ಲ. ಅದು ಬಿಲ್ಲು, ಗ್ಯಾರಂಟಿ, ಬ್ಯಾಂಕಿನ ಸಾಲ ಎಲ್ಲವನ್ನೂ ಜತೆಗೆ ತಂದಿದೆ. ಅದರಲ್ಲಿ ಒಣಗಿದ ಪದಾರ್ಥ ‘ಉತ್ಪಾದನೆ’ ಎಂದೂ ಅದನ್ನು ಕೊಂಡವರು ‘ಉದ್ಯಮಿ’ ಎಂದೂ ಅನಿಸಿಕೊಳ್ಳುತ್ತಾರೆ. ಅಟ್ಟ ನಡೆಸಿದವರಿಗೆ ಬಾರದ ಗೌರವ ಡ್ರೈಯರ್ ಕೊಂಡವರಿಗೆ ಬಂದಿದ್ದರೆ ಅದು ಯಂತ್ರದ ತಪ್ಪಲ್ಲ.

ಒಂದು ಕೆಲಸ ಮಾತ್ರ ಈಗಲೂ ನಮ್ಮಿಂದ ಸಾಧ್ಯ. ಕಾಯಿ ಎಷ್ಟು ದಿನಕ್ಕೆ ಒಣಗುತ್ತದೆ, ಯಾವ ಸೌದೆಗೆ ಕಾವು ಹೆಚ್ಚು, ಯಾವ ಬೀಜಕ್ಕೆ ಎಷ್ಟು ಹೊಗೆ, ಗಲಗಲ ಶಬ್ದ ಎಷ್ಟು ಬಂದರೆ ಸಾಕು ಎಂದು ತಿಳಿದ ಹೆಂಗಸರು ನಮ್ಮ ಊರುಗಳಲ್ಲಿ ಇನ್ನೂ ಇದ್ದಾರೆ. ಎಂಬತ್ತು ದಾಟಿದವರು, ಮಾತಿಗೆ ಕಾಯುತ್ತಿರುವವರು. ಅವರ ಬಳಿ ಕುಳಿತು ಕೇಳಿ, ಒಂದು ನೋಟುಪುಸ್ತಕದಲ್ಲಿ ಬರೆದಿಡಬಹುದು. ಬರೆಯುವಾಗ ಅವರ ಹೆಸರಿನ ಎದುರು ‘ಮನೆಯಲ್ಲೇ ಇದ್ದರು’ ಎಂದು ಬರೆಯದಿದ್ದರಾಯಿತು.